ರಿಪೋರ್ಟಿನಲ್ಲಿ ‘ಆರ್ಥ್ರೋಪತಿ’ ಎಂದು ಬರೆದಿದ್ದರೆ ಏನರ್ಥ?

ಅರೇಬಿಕಾ ಹಣ್ಣಾಗಲು ಶುರುವಾಯಿತೆಂದರೆ ಕೊಡಗಿನ ತೋಟಗಳಲ್ಲಿ ಮಾರ್ಚ್‌ವರೆಗೆ ಬಿಡುವಿಲ್ಲ. ರೊಬಸ್ಟಾ ಕುಯ್ಲು, ಕಣದಲ್ಲಿ ಒಣಗಿಸುವ ಕೆಲಸ, ಅದರ ಬೆನ್ನಿಗೇ ಮೆಣಸಿನ ಏಣಿ. ಮಂಡಿ ನೋವು, ಸೊಂಟ ನೋವನ್ನು ‘ಕೆಲಸ ಮುಗೀಲಿ’ ಎಂದು ಮುಂದೆ ಹಾಕಿದವರು ಆಮೇಲೆ ಮಡಿಕೇರಿಗೋ ಮೈಸೂರಿಗೋ ಹೋಗಿ ಎಕ್ಸ್‌ರೇ, ಎಂಆರ್‌ಐ ಮಾಡಿಸುತ್ತಾರೆ. ಈಗ ಸ್ಕ್ಯಾನ್ ವರದಿ ವೈದ್ಯರು ನೋಡುವ ಮೊದಲೇ ಮೊಬೈಲಿಗೆ ಬಂದುಬಿಡುತ್ತದೆ. ವಾಪಸು ಬರುವ ಬಸ್ಸು ಕುಶಾಲನಗರ ತಲುಪುವಷ್ಟರಲ್ಲಿ ಮನೆಮಂದಿಯೆಲ್ಲ ಓದಿ ಗಾಬರಿಯಾಗಿರುತ್ತಾರೆ. ಅದರಲ್ಲಿ ‘ಮಲ್ಟಿಲೆವೆಲ್ ಫ್ಯಾಸೆಟ್ ಆರ್ಥ್ರೋಪತಿ’ ಎಂದೋ ‘ಡಿಜೆನರೇಟಿವ್ ಆರ್ಥ್ರೋಪತಿ’ ಎಂದೋ ಬರೆದಿರುತ್ತದೆ.

ಕೇಳಲು ದೊಡ್ಡ ಕಾಯಿಲೆಯಂತಿರುವ ಈ ಪದ ಯಾವ ಕಾಯಿಲೆಯ ಹೆಸರೂ ಅಲ್ಲ. ಕೀಲಿನಲ್ಲಿ ಏನೋ ಕೆಟ್ಟಿದೆ ಎಂಬುದಷ್ಟೇ ಅದರ ಅರ್ಥ. ಏನು ಕೆಟ್ಟಿದೆ, ಎಷ್ಟು ಕೆಟ್ಟಿದೆ, ಮದ್ದು ಬೇಕೋ ಬೇಡವೋ ಎಂಬುದನ್ನೆಲ್ಲ ಹೇಳುವುದು ಅದರ ಹಿಂದೆ ಕೂತಿರುವ ಇನ್ನೊಂದು ಪದ. ಆ ಹಿಂದಿನ ಪದ ಓದಲು ಬಂದರೆ ಅರ್ಧ ಗಾಬರಿ ಅಲ್ಲೇ ಇಳಿಯುತ್ತದೆ. ಕೆಲವೊಮ್ಮೆ ಗಾಬರಿಯಾಗಬೇಕಾದ ಕಡೆ ಸರಿಯಾದ ಹೊತ್ತಿಗೆ ಗಾಬರಿಯಾಗುವುದಕ್ಕೂ ಅದೇ ದಾರಿ.

ಪದವನ್ನು ಬಿಡಿಸಿದರೆ

‘ಆರ್ಥ್ರಾನ್’ ಅಂದರೆ ಗ್ರೀಕ್ ಭಾಷೆಯಲ್ಲಿ ಕೀಲು. ‘ಪಾಥೋಸ್’ ಅಂದರೆ ನರಳಾಟ, ಬೇನೆ. ಎರಡೂ ಸೇರಿ ಆರ್ಥ್ರೋಪತಿ. ಕನ್ನಡದಲ್ಲಿ ಕೀಲುಬೇನೆ ಎಂದರೆ ಸರಿಹೋಗುತ್ತದೆ.

ಹೋಮಿಯೋಪತಿ, ಅಲೋಪತಿ, ನ್ಯಾಚುರೋಪತಿ ಎಂಬ ಹೆಸರುಗಳು ನಮಗೆ ಪರಿಚಿತವಾದ್ದರಿಂದ ಆರ್ಥ್ರೋಪತಿ ಕೂಡ ಒಂದು ಚಿಕಿತ್ಸಾ ಪದ್ಧತಿ ಇರಬೇಕೆಂದು ಕೆಲವರು ತಿಳಿಯುತ್ತಾರೆ. ಮೂಲ ಪದ ಒಂದೇ ಆದರೂ ಬಳಕೆ ಬೇರೆ. ದೇಹದ ಭಾಗವೊಂದರ ಹೆಸರಿನ ಕೊನೆಗೆ ‘ಪತಿ’ ಬಂದರೆ ಆ ಭಾಗದ ತೊಂದರೆ ಎಂದು ಓದಿಕೊಳ್ಳಬೇಕು. ಸಕ್ಕರೆ ಕಾಯಿಲೆ ಇರುವವರ ಮನೆಯಲ್ಲಿ ಇದರ ಬಂಧುಗಳೆಲ್ಲ ಗೊತ್ತಿರುತ್ತವೆ. ನ್ಯೂರೋಪತಿ ನರದ್ದು, ರೆಟಿನೋಪತಿ ಕಣ್ಣಿನ ಅಕ್ಷಿಪಟಲದ್ದು, ನೆಫ್ರೋಪತಿ ಮೂತ್ರಪಿಂಡದ್ದು.

ಇನ್ನೊಂದು ಗೊಂದಲ ಆರ್ಥೋ ಮತ್ತು ಆರ್ಥ್ರೋ ನಡುವಿನದು. ಮೂಳೆ ಡಾಕ್ಟರನ್ನು ‘ಆರ್ಥೋ’ ಎನ್ನುತ್ತೇವಲ್ಲ, ಅದರ ಮೂಲ ‘ಆರ್ಥೋಸ್’, ಅಂದರೆ ನೆಟ್ಟಗಿರುವುದು. ಮಕ್ಕಳ ಸೊಟ್ಟ ಕೈಕಾಲು ನೆಟ್ಟಗೆ ಮಾಡುವ ವಿದ್ಯೆ ಎಂಬ ಅರ್ಥದಲ್ಲಿ ಫ್ರಾನ್ಸಿನ ವೈದ್ಯ ನಿಕೊಲಾ ಆಂದ್ರಿ 1741ರಲ್ಲಿ ಆರ್ಥೋಪೆಡಿಕ್ ಎಂಬ ಪದ ಕಟ್ಟಿದ. ಕೀಲಿಗೂ ಆ ಪದಕ್ಕೂ ಹುಟ್ಟಿನಿಂದ ನಂಟಿಲ್ಲ.

ಕೀಲಿನ ಪದದ ಜೊತೆಗೇ ಓಡಾಡುವ ಇನ್ನು ಮೂರನ್ನು ಬೇರೆ ಮಾಡಿಕೊಂಡರೆ ಸಾಕು. ಆರ್ಥ್ರಾಲ್ಜಿಯಾ ಎಂದರೆ ಕೀಲು ನೋವು, ಅಷ್ಟೇ. ಊತ, ಬಿಸಿ ಇರಲೇಬೇಕೆಂದಿಲ್ಲ. ಆರ್ಥ್ರೈಟಿಸ್ ಎಂದರೆ ಕೀಲಿನೊಳಗೆ ಉರಿಯೂತ ಇದೆ ಎಂದು. ಆರ್ಥ್ರೋಸಿಸ್ ಎಂದರೆ ಸವೆತ. ಈ ಕಾಯಿಲೆಗಳೆಲ್ಲವನ್ನೂ ಒಳಗೆ ಹಾಕಿಕೊಳ್ಳುವ ದೊಡ್ಡ ಬುಟ್ಟಿಯೇ ಆರ್ಥ್ರೋಪತಿ. ವಿಶ್ವ ಆರೋಗ್ಯ ಸಂಸ್ಥೆಯ ಕಾಯಿಲೆಗಳ ಪಟ್ಟಿಯ ಹತ್ತನೇ ಆವೃತ್ತಿಯಲ್ಲಿ ಎಂ 00ರಿಂದ ಎಂ 25ರವರೆಗಿನ ಇಡೀ ಗುಂಪಿಗೆ ಕೊಟ್ಟ ಶೀರ್ಷಿಕೆಯೇ ಇದು. ಹರಳು ಕೂತು ಬರುವ ಗೌಟ್ ಎಂ 10, ಮಂಡಿ ಸವೆತ ಎಂ 17, ಬರೀ ಕೀಲುನೋವು ಎಂ 25ರ ಕೆಳಗೆ. ಡಿಸ್ಚಾರ್ಜ್ ಕಾಗದದಲ್ಲಿ, ವಿಮೆಯ ಅರ್ಜಿಯಲ್ಲಿ ಇಂಥ ಸಂಖ್ಯೆ ಕಂಡರೆ ಅದು ಕಾಯಿಲೆಯ ವಿಳಾಸ ಎಂದು ತಿಳಿಯಿರಿ.

ಆಯುರ್ವೇದದ ಸಂಧಿಗತ ವಾತ, ಆಮವಾತ, ವಾತರಕ್ತ ಎಂಬ ಹೆಸರುಗಳ ಲಕ್ಷಣ ಓದಿದರೆ ಕ್ರಮವಾಗಿ ಸವೆತ, ಉರಿಯೂತದ ರುಮಟಾಯ್ಡ್, ಗೌಟ್ ನೆನಪಾಗುತ್ತವೆ. ಆದರೆ ಒಂದು ಪದ್ಧತಿಯ ಹೆಸರನ್ನು ಇನ್ನೊಂದರ ಹೆಸರಿಗೆ ತಟ್ಟನೆ ಅಂಟಿಸಿ ಔಷಧ ಬದಲಾಯಿಸುವಷ್ಟು ಅವು ಒಂದೇ ಅಲ್ಲ. ನಮ್ಮ ಮಾತಿನ ‘ವಾತ’ವಂತೂ ಇವೆಲ್ಲಕ್ಕೂ ಸೇರಿದ ಒಂದೇ ಹೆಸರು.

ಕೀಲಿನ ಒಳಗೆ ಏನಿದೆ

ಪಂದಿಕರಿಗೆ ಹಂದಿಯ ಕಾಲು ಕಡಿಯುವಾಗ, ಸೂಪಿಗೆ ಕುರಿಯ ಕಾಲು ತುಂಡು ಮಾಡುವಾಗ ಗಂಟಿನ ಜಾಗವನ್ನು ಸರಿಯಾಗಿ ನೋಡಿ. ಮೂಳೆಯ ತುದಿಗೆ ನೀಲಿ ಛಾಯೆಯ ಬಿಳಿ ಟೊಪ್ಪಿಗೆ ಹಾಕಿದಂತಿರುತ್ತದೆ. ಬೆರಳಾಡಿಸಿದರೆ ಗಾಜಿನಂತೆ ಜಾರುತ್ತದೆ, ಉಗುರು ಒತ್ತಿದರೆ ತುಸು ಬಗ್ಗುತ್ತದೆ. ಅದೇ ಮೃದ್ವಸ್ಥಿ, ಅಂದರೆ ಕಾರ್ಟಿಲೇಜ್. ಗಂಟು ಬಿಡಿಸಿದ ಕ್ಷಣ ಬೆರಳಿಗೆ ಅಂಟುವ, ಹಸಿ ಮೊಟ್ಟೆಯ ಬಿಳಿಭಾಗದಂಥ ಲೋಳೆ ಕೀಲಿನ ದ್ರವ. ಗಾಡಿಯ ಅಚ್ಚಿಗೆ ಕೀಲೆಣ್ಣೆ ಹೇಗೋ ಇದು ಹಾಗೆ. ಸುತ್ತಲೂ ಬಿಗಿದಿರುವ ಗಟ್ಟಿ ಚೀಲ, ಆ ಚೀಲದ ಒಳಮೈಗೆ ತೆಳುವಾದ ಗುಲಾಬಿ ಪೊರೆ. ಕೀಲೆಣ್ಣೆ ತಯಾರಾಗುವುದು ಈ ಪೊರೆಯಲ್ಲಿ.

ಮನುಷ್ಯರ ಮಂಡಿಯಲ್ಲೂ ರಚನೆ ಇದೇ. ಮೃದ್ವಸ್ಥಿಯ ದಪ್ಪ ಕೆಲವೇ ಮಿಲಿಮೀಟರ್, ದ್ರವ ಒಂದು ಚಮಚಕ್ಕೂ ಕಡಿಮೆ. ಮೃದ್ವಸ್ಥಿಗೆ ರಕ್ತನಾಳವೂ ಇಲ್ಲ, ನರವೂ ಇಲ್ಲ. ಕೀಲು ಮಡಚಿ ಬಿಚ್ಚುವಾಗ ಸ್ಪಂಜಿನಂತೆ ಹಿಂಡಿ ಹೀರಿಕೊಂಡ ದ್ರವದಿಂದಲೇ ಅದಕ್ಕೆ ಆಹಾರ. ಇದರಿಂದ ಎರಡು ವಿಷಯ ತಿಳಿಯುತ್ತವೆ. ನರ ಇಲ್ಲದ ಕಾರಣ ಸವೆತ ಬಹಳ ದಿನ ನೋವಿಲ್ಲದೆ ಸಾಗುತ್ತದೆ; ರಕ್ತ ಇಲ್ಲದ ಕಾರಣ ಸವೆದದ್ದು ಚರ್ಮದ ಗಾಯದಂತೆ ಮಾಯುವುದಿಲ್ಲ. ನೋವಿದೆಯೆಂದು ಕೀಲನ್ನು ಅಲ್ಲಾಡಿಸದೆ ಇಟ್ಟುಬಿಟ್ಟರೆ ಮೃದ್ವಸ್ಥಿಗೆ ಸಿಗುವ ಆಹಾರವೂ ಕಡಿಮೆಯಾಗುತ್ತದೆ.

ಕೆಡುವುದು ಇವುಗಳಲ್ಲಿ ಯಾವುದು ಎಂಬುದರ ಮೇಲೆ ಕಾಯಿಲೆ ಬೇರೆಯಾಗುತ್ತದೆ. ಟೊಪ್ಪಿಗೆ ಸವೆದರೆ ಒಂದು, ಪೊರೆ ಊದಿಕೊಂಡರೆ ಇನ್ನೊಂದು, ಲೋಳೆಯಲ್ಲಿ ಹರಳು ಬಿದ್ದರೆ ಮತ್ತೊಂದು, ಕೀವು ತುಂಬಿದರೆ ಬೇರೆಯೇ ಒಂದು.

ಹಿಂದಿನ ಪದ ‘ಡಿಜೆನರೇಟಿವ್’ ಆಗಿದ್ದರೆ

ಇದು ಸವೆತ. ಆಸ್ಟಿಯೋಆರ್ಥ್ರೈಟಿಸ್ ಎಂದು ಬರೆಯುವುದೂ ಇದನ್ನೇ. ವಯಸ್ಸು, ತೂಕ, ಹಳೆಯ ಪೆಟ್ಟು, ವರ್ಷಗಟ್ಟಲೆ ಕುಕ್ಕರುಗಾಲಿನಲ್ಲಿ ಕೂತು ಮಾಡಿದ ಕೆಲಸ, ಹೊರೆ ಹೊತ್ತು ಇಳಿಜಾರು ಇಳಿದದ್ದು, ಮನೆತನದ ಗುಣ ಎಲ್ಲವೂ ಸೇರಿ ಬರುತ್ತದೆ. ಹಾಕಿ ಆಡುವಾಗ ಮಂಡಿಯ ಲಿಗಮೆಂಟ್ ಹರಿದುಕೊಂಡವರಿಗೆ ಹತ್ತು ಹದಿನೈದು ವರ್ಷದ ನಂತರ ಅದೇ ಮಂಡಿಯಲ್ಲಿ ಸವೆತ ಕಾಣಿಸಿಕೊಳ್ಳಬಹುದು. ಆಗ ವರದಿಯಲ್ಲಿ ‘ಪೋಸ್ಟ್ ಟ್ರಾಮ್ಯಾಟಿಕ್’ ಎಂಬ ಪದ ಇರುತ್ತದೆ, ಅಂದರೆ ಪೆಟ್ಟಿನ ನಂತರದ್ದು.

ಸವೆತದ ನೋವು ಕೆಲಸ ಮಾಡಿದಾಗ ಏರುತ್ತದೆ, ಕೂತರೆ ಇಳಿಯುತ್ತದೆ. ಬೆಳಗ್ಗೆ ಎದ್ದಾಗ ಬಿಗಿತ ಇದ್ದರೂ ಅರ್ಧ ಗಂಟೆಯೊಳಗೆ ಸಡಿಲವಾಗುತ್ತದೆ. ಮೆಟ್ಟಿಲು ಹತ್ತುವುದಕ್ಕಿಂತ ಇಳಿಯುವಾಗ ಕಷ್ಟ. ಮಂಡಿ ಮಡಚುವಾಗ ಅಂಗೈ ಇಟ್ಟರೆ ಒಳಗೆ ಮರಳು ಉಜ್ಜಿದಂತೆ ಕರಕರ. ಬರೀ ಟಕ್ ಎಂದು ಸದ್ದು ಬಂದು ನೋವಿಲ್ಲದಿದ್ದರೆ ಅದು ಕಾಯಿಲೆಯಲ್ಲ.

ಎಕ್ಸ್‌ರೇಯಲ್ಲಿ ಮೃದ್ವಸ್ಥಿ ಕಾಣುವುದಿಲ್ಲ. ಎರಡು ಮೂಳೆಗಳ ನಡುವಿನ ಖಾಲಿ ಜಾಗ ಎಷ್ಟು ಕಿರಿದಾಗಿದೆ ಎಂದು ನೋಡಿ ಸವೆತವನ್ನು ಅಂದಾಜು ಮಾಡುತ್ತಾರೆ. ಅದಕ್ಕೇ ಮಂಡಿಯ ಎಕ್ಸ್‌ರೇಯನ್ನು ನಿಂತುಕೊಂಡು, ಭಾರ ಬಿಟ್ಟು ತೆಗೆಸಬೇಕು. ಮಲಗಿಸಿ ತೆಗೆದರೆ ಜಾಗ ಇದ್ದುದಕ್ಕಿಂತ ಅಗಲವಾಗಿ ಕಂಡು ಸವೆತ ಕಡಿಮೆ ಇದ್ದಂತೆ ತೋರುತ್ತದೆ. ‘ಕೆಎಲ್ ಗ್ರೇಡ್’ ಎಂದು ಸೊನ್ನೆಯಿಂದ 4ರವರೆಗೆ ಕೊಡುವ ಅಂಕ 1957ರಲ್ಲಿ ಕೆಲ್‌ಗ್ರೆನ್ ಮತ್ತು ಲಾರೆನ್ಸ್ ಮಾಡಿಕೊಟ್ಟ ಅಳತೆ. ಗ್ರೇಡ್ 3 ಇದ್ದೂ ತೋಟ ಸುತ್ತುವವರಿದ್ದಾರೆ, ಗ್ರೇಡ್ 2ಕ್ಕೇ ಮಲಗಿದವರೂ ಇದ್ದಾರೆ. ಚಿಕಿತ್ಸೆ ನಿರ್ಧಾರವಾಗಬೇಕಾದ್ದು ನೋವು ಮತ್ತು ಓಡಾಟ ನೋಡಿ. ಅಂಕ ನೋಡಿ ಮಾತ್ರ ಅಲ್ಲ.

‘ಫ್ಯಾಸೆಟ್ ಆರ್ಥ್ರೋಪತಿ’ಯೂ ಸಾಮಾನ್ಯವಾಗಿ ಸವೆತವೇ. ಬೆನ್ನುಮೂಳೆಯ ಒಂದೊಂದು ಮಣಿಯೂ ಹಿಂಬದಿಯಲ್ಲಿ ಎರಡು ಪುಟ್ಟ ಕೀಲುಗಳಿಂದ ಮುಂದಿನ ಮಣಿಗೆ ಕೂಡಿಕೊಂಡಿರುತ್ತದೆ. ಅವೇ ಫ್ಯಾಸೆಟ್ ಕೀಲುಗಳು. ಬೆನ್ನುನೋವೇ ಇಲ್ಲದವರ ಸ್ಕ್ಯಾನುಗಳನ್ನು ಒಟ್ಟು ಮಾಡಿ ನೋಡಿದಾಗ 60ರ ವಯಸ್ಸಿನವರಲ್ಲಿ ಸುಮಾರು ಅರ್ಧದಷ್ಟು ಜನರಿಗೆ ಈ ಸವೆತ ಕಂಡಿದೆ. ತಲೆಗೂದಲು ಬೆಳ್ಳಗಾದಂತೆ ಎಂದುಕೊಳ್ಳಿ. ಆದ್ದರಿಂದ ಸ್ಕ್ಯಾನಿನಲ್ಲಿ ಕಂಡದ್ದೇ ನಿಮ್ಮ ನೋವಿನ ಕಾರಣ ಎಂದು ಹೇಳಲು ಬರುವುದಿಲ್ಲ. ಮೈಮುಟ್ಟಿ ಪರೀಕ್ಷೆ ಮಾಡಿದವರು ಹೇಳಬೇಕು. ಅದೇ ವರದಿಯಲ್ಲಿ ನರ ಒತ್ತಿದೆ ಎಂದಿದ್ದು, ಕಾಲಿನ ಬಲ ಕುಂದಿದ್ದರೆ, ಮೂತ್ರ ಕಟ್ಟಿದರೆ ಅಥವಾ ತಿಳಿಯದೆ ಹೋಗುತ್ತಿದ್ದರೆ ಮಾತ್ರ ಒಂದು ದಿನವೂ ಕಾಯಬಾರದು.

‘ಇನ್‌ಫ್ಲಮೇಟರಿ’ ಎಂದಿದ್ದರೆ

ಇಲ್ಲಿ ತೊಂದರೆ ಪೊರೆಯದ್ದು. ದೇಹದ ಕಾವಲುಪಡೆ ತನ್ನದೇ ಕೀಲಿನ ಪೊರೆಯ ಮೇಲೆ ಬೀಳುತ್ತದೆ. ಪೊರೆ ದಪ್ಪಗಾಗಿ, ದ್ರವ ಹೆಚ್ಚಿ, ಕೊನೆಗೆ ಮೃದ್ವಸ್ಥಿಯನ್ನೂ ಮೂಳೆಯನ್ನೂ ಕೊರೆಯುತ್ತದೆ. ಇದರಲ್ಲಿ ಹೆಚ್ಚು ಕೇಳಿಬರುವುದು ರುಮಟಾಯ್ಡ್ ಆರ್ಥ್ರೈಟಿಸ್. ಗಂಡಸರಿಗಿಂತ ಹೆಂಗಸರಲ್ಲಿ ಎರಡು ಮೂರು ಪಟ್ಟು ಹೆಚ್ಚು.

ಸವೆತಕ್ಕೂ ಇದಕ್ಕೂ ಇರುವ ವ್ಯತ್ಯಾಸ ಬೆಳಗಿನ ಹೊತ್ತು ಚೆನ್ನಾಗಿ ತಿಳಿಯುತ್ತದೆ. ಎದ್ದ ಮೇಲೆ ಕೈ ಮುಷ್ಟಿ ಕಟ್ಟಲು ಬಾರದು, ಒಲೆ ಮೇಲಿನ ಪಾತ್ರೆ ಎತ್ತಲು ಆಗದು, ಹೀಗೆ ಒಂದು ಗಂಟೆಗೂ ಹೆಚ್ಚು. ಆಮೇಲೆ ಕೆಲಸ ಮಾಡುತ್ತ ಮಾಡುತ್ತ ಸಡಿಲವಾಗುತ್ತದೆ. ಎರಡೂ ಕೈಗಳಲ್ಲಿ, ಬೆರಳಿನ ಬುಡದ ಮತ್ತು ನಡುವಿನ ಗೆಣ್ಣುಗಳಲ್ಲಿ ಊತ. ಯಾರಾದರೂ ಕೈಕುಲುಕಿದರೆ ಪ್ರಾಣ ಹೋದಂತೆ ನೋವು. ಉಗುರಿನ ಹತ್ತಿರದ ಕೊನೆಯ ಗೆಣ್ಣಿನಲ್ಲಿ ಮಾತ್ರ ಗಟ್ಟಿ ಗಂಟು ಬಂದಿದ್ದರೆ ಅದು ಬಹುತೇಕ ಸವೆತ.

ಈ ಗುಂಪಿನಲ್ಲಿ ಹೊತ್ತು ಮೀರುವುದೇ ದೊಡ್ಡ ನಷ್ಟ. ಶುರುವಾದ ಮೂರು ತಿಂಗಳ ಒಳಗೆ ಸರಿಯಾದ ಮಾತ್ರೆ ಬಿದ್ದರೆ ಕೀಲು ಉಳಿಯುವ ಅವಕಾಶ ಬಹಳ. ಒಮ್ಮೆ ಸೊಟ್ಟಗಾದ ಬೆರಳನ್ನು ಮಾತ್ರೆ ನೆಟ್ಟಗೆ ಮಾಡದು. ಗೆಣ್ಣುಗಳು ಊದಿಯೇ ಇದ್ದರೆ ಆರು ವಾರದೊಳಗೆ ರುಮಟಾಲಜಿಸ್ಟ್ ನೋಡಬೇಕು. ಹಲ್ಲಿಗೆ ದಂತವೈದ್ಯರು ಇದ್ದಂತೆ ಈ ಕಾಯಿಲೆಗಳಿಗೆ ಇರುವವರು ಅವರು. ಮಡಿಕೇರಿಯ ವೈದ್ಯಕೀಯ ಕಾಲೇಜು ಆಸ್ಪತ್ರೆಯಲ್ಲೋ ಹತ್ತಿರದ ತಾಲ್ಲೂಕು ಆಸ್ಪತ್ರೆಯಲ್ಲೋ ಮೊದಲು ತೋರಿಸಿ, ಅಲ್ಲಿಂದ ಚೀಟಿ ಬರೆಸಿಕೊಂಡು ಮೈಸೂರು ಅಥವಾ ಮಂಗಳೂರಿಗೆ ಹೋಗುವುದು ಸರಿಯಾದ ದಾರಿ.

ಚರ್ಮದ ಸೋರಿಯಾಸಿಸ್ ಜೊತೆ ಬರುವುದು ಸೋರಿಯಾಟಿಕ್ ಆರ್ಥ್ರೋಪತಿ. ಉಗುರಿನ ಮೇಲೆ ಸೂಜಿ ಚುಚ್ಚಿದಂತೆ ಸಣ್ಣ ಗುಳಿಗಳು, ಒಂದು ಬೆರಳು ಪೂರ್ತಿ ಬಾಳೆಕಾಯಿಯಂತೆ ಊದುವುದು ಇದರ ಗುರುತು. ತಲೆಯ ಹೊಟ್ಟೆಂದು ಸುಮ್ಮನಿದ್ದದ್ದು ಸೋರಿಯಾಸಿಸ್ ಆಗಿರಬಹುದು, ಹಾಗಾಗಿ ವೈದ್ಯರಿಗೆ ಅದನ್ನೂ ಹೇಳಿ. ‘ಸ್ಪಾಂಡಿಲೋಆರ್ಥ್ರೋಪತಿ’ ಬೆನ್ನುಮೂಳೆಯನ್ನು ಹಿಡಿಯುವ ಬಗೆ. ಹೊಸ ವರದಿಗಳಲ್ಲಿ ಇದನ್ನೇ ಸ್ಪಾಂಡಿಲೋಆರ್ಥ್ರೈಟಿಸ್ ಎಂದು ಬರೆಯುತ್ತಾರೆ. ಇಪ್ಪತ್ತು ಮೂವತ್ತರ ಹುಡುಗರಿಗೆ ನಸುಕಿನಲ್ಲಿ ಸೊಂಟನೋವಿನಿಂದ ಎಚ್ಚರವಾಗಿ, ಎದ್ದು ಓಡಾಡಿದರೆ ಕಡಿಮೆಯಾಗುತ್ತಿದ್ದರೆ ಇದರ ಅನುಮಾನ ಪಡಬೇಕು. ಸವೆತದಲ್ಲಿ ಹೇಳುವ ‘ರೆಸ್ಟ್ ತಗೊಳ್ಳಿ’ ಎಂಬ ಮಾತು ಇಲ್ಲಿ ಉಲ್ಟಾ. ಮಲಗಿದಷ್ಟೂ ಬೆನ್ನು ಸೆಟೆದುಕೊಳ್ಳುತ್ತದೆ.

‘ಕ್ರಿಸ್ಟಲ್’ ಎಂದಿದ್ದರೆ

ಪುತ್ತರಿ, ಕೈಲ್ ಪೊಳ್ದ್ ಹಬ್ಬದ ಊಟವೋ ಮದುವೆ ಊಟವೋ ಮುಗಿಸಿ ಮಲಗಿದವರಿಗೆ ಮಧ್ಯರಾತ್ರಿ ಕಾಲಿನ ಹೆಬ್ಬೆರಳ ಬುಡ ಕೆಂಪಗಾಗಿ, ಹೊದಿಕೆ ತಾಗಿದರೂ ಸಹಿಸಲಾಗದ ನೋವು ಬಂದರೆ ಅದು ಗೌಟ್ ಆಗಿರುವ ಸಂಭವ ಹೆಚ್ಚು. ರಕ್ತದಲ್ಲಿ ಯೂರಿಕ್ ಆ್ಯಸಿಡ್ ಡೆಸಿಲೀಟರಿಗೆ ಸುಮಾರು 6.8 ಮಿ.ಗ್ರಾಂ ದಾಟಿದರೆ ಅದು ಕರಗಿ ಉಳಿಯಲಾರದು. ಅತಿಯಾಗಿ ಸಕ್ಕರೆ ಹಾಕಿದ ಕಾಫಿಯಲ್ಲಿ ತಳಕ್ಕೆ ಸಕ್ಕರೆ ಕೂರುವಂತೆ ಕೀಲಿನಲ್ಲಿ ಸೂಜಿಮೊನೆಯಂಥ ಹರಳುಗಳು ಕೂರುತ್ತವೆ. ಪಾದ ದೇಹದಲ್ಲಿ ತಣ್ಣಗಿರುವ ಜಾಗವಾದ್ದರಿಂದ ಹರಳು ಬೀಳುವುದೂ ಅಲ್ಲಿ ಸುಲಭ.

ಹಂದಿಮಾಂಸ, ಯಕೃತ್ತು, ಬಿಯರ್, ರಮ್ ಇವೆಲ್ಲ ಯೂರಿಕ್ ಆ್ಯಸಿಡ್ ಏರಿಸುತ್ತವೆ. ಆದರೆ ಪಥ್ಯವೊಂದರಿಂದಲೇ ಅದು ಇಳಿಯುವುದು ಸ್ವಲ್ಪ ಮಾತ್ರ. ಬಹುಪಾಲು ಜನರಲ್ಲಿ ಮೂಲ ಕಾರಣ ಮೂತ್ರಪಿಂಡ ಅದನ್ನು ಸಾಕಷ್ಟು ಹೊರಹಾಕದಿರುವುದು. ಊಟ ಬಿಟ್ಟೂ ಗೌಟ್ ಬಂತೆಂದರೆ ರೋಗಿ ಕದ್ದು ತಿಂದ ಎಂದು ಮನೆಯವರು ಬೈಯುವುದರಲ್ಲಿ ನ್ಯಾಯವಿಲ್ಲ.

ಮೇಲಿಂದ ಮೇಲೆ ಬರುವವರಿಗೆ ಅಲೋಪ್ಯೂರಿನಾಲ್ ಕೊಡುತ್ತಾರೆ. ಸಾಮಾನ್ಯವಾಗಿ ದಿನಕ್ಕೆ 100 ಮಿ.ಗ್ರಾಂ ಅಥವಾ ಅದಕ್ಕೂ ಕಡಿಮೆಯಿಂದ ಶುರುಮಾಡಿ, ಯೂರಿಕ್ ಆ್ಯಸಿಡ್ 6ರ ಕೆಳಗೆ ಇಳಿಯುವವರೆಗೆ ಮೆಲ್ಲಗೆ ಏರಿಸುತ್ತಾರೆ. ಎಲ್ಲರೂ ಎಡವುವುದು ಇಲ್ಲೇ. ಮಾತ್ರೆ ಶುರುಮಾಡಿದ ಮೊದಲ ಕೆಲವು ತಿಂಗಳು ಹಳೆಯ ಹರಳು ಕರಗುವಾಗ ನೋವು ಮತ್ತೆ ಮತ್ತೆ ಕೆರಳುತ್ತದೆ. ‘ಈ ಮಾತ್ರೆ ಆಗಿಬರಲ್ಲ’ ಎಂದು ಬಿಟ್ಟುಬಿಡುತ್ತಾರೆ, ಹರಳು ಪುನಃ ಕಟ್ಟುತ್ತದೆ. ನೋವು ಬಂದಾಗ ಅದಕ್ಕೆ ಬೇರೆ ಔಷಧ ಕೇಳಬೇಕು, ಇದನ್ನು ನಿಲ್ಲಿಸಬಾರದು. ನಿಲ್ಲಿಸಬೇಕಾದ್ದು ಮೈಮೇಲೆ ಗಂದೆ ಎದ್ದರೆ, ಬಾಯಿ ಹುಣ್ಣಾದರೆ. ಆಗ ಆ ಕ್ಷಣವೇ ನಿಲ್ಲಿಸಿ ಆಸ್ಪತ್ರೆಗೆ.

ಸೋಂಕು, ಮತ್ತು ಒಂದು ಮುಳ್ಳಿನ ವಿಷಯ

‘ಸೆಪ್ಟಿಕ್’ ಅಥವಾ ‘ಇನ್‌ಫೆಕ್ಟಿವ್’ ಎಂಬ ಪದ ಕಂಡರೆ ಮಾತ್ರ ಗಡಿಯಾರ ನೋಡಬೇಕು. ಒಂದೇ ಕೀಲು, ಕೈಯ ಹಿಂಬದಿ ಇಟ್ಟರೆ ಪಕ್ಕದ ಮಂಡಿಗಿಂತ ಸ್ಪಷ್ಟವಾಗಿ ಬಿಸಿ, ಒಂದಿಷ್ಟೂ ಮಡಚಲು ಬಿಡದು, ಜೊತೆಗೆ ಜ್ವರ. ಕೀವು ಮೃದ್ವಸ್ಥಿಯನ್ನು ಕೆಲವೇ ದಿನಗಳಲ್ಲಿ ತಿಂದುಹಾಕುತ್ತದೆ. ಸೂಜಿಯಿಂದ ದ್ರವ ತೆಗೆದು ಪರೀಕ್ಷೆಗೆ ಕಳಿಸಿ, ಆ್ಯಂಟಿಬಯೋಟಿಕ್ ಹಾಕಿ, ಕೀವು ತೊಳೆಯಬೇಕಾಗುತ್ತದೆ. ಇಂಥ ಕೀಲಿಗೆ ಎಣ್ಣೆ ಹಾಕಿ ತಿಕ್ಕುವುದು, ಸ್ಟಿರಾಯ್ಡ್ ಇಂಜೆಕ್ಷನ್ ಚುಚ್ಚಿಸುವುದು ಎರಡೂ ಬೆಂಕಿಗೆ ತುಪ್ಪ. ವಯಸ್ಸಾದವರಲ್ಲಿ, ಸಕ್ಕರೆ ಕಾಯಿಲೆಯವರಲ್ಲಿ ಜ್ವರ ಬಾರದೆಯೂ ಇರಬಹುದು.

ಕ್ಷಯವೂ ಕೀಲಿಗೆ ಬರುತ್ತದೆ, ಆದರೆ ಸದ್ದಿಲ್ಲದೆ. ಸೊಂಟದ ಕೀಲೋ ಮಂಡಿಯೋ ತಿಂಗಳುಗಟ್ಟಲೆ ಊದಿದ್ದು, ತೂಕ ಇಳಿದು, ಸಂಜೆ ಸಣ್ಣ ಜ್ವರ ಬರುತ್ತಿದ್ದರೆ ಅದರ ಪರೀಕ್ಷೆ ಆಗಲೇಬೇಕು.

ತೋಟದಲ್ಲಿ ಕೆಲಸ ಮಾಡುವವರು ತಿಳಿದಿರಲೇಬೇಕಾದ್ದು ಇನ್ನೊಂದಿದೆ. ಹಾಲುವಾಣದ ಮುಳ್ಳೋ ಕಿತ್ತಳೆ ಗಿಡದ ಮುಳ್ಳೋ ಬೆರಳ ಗೆಣ್ಣಿಗೆ, ಮಂಡಿಗೆ ಚುಚ್ಚಿ ತುದಿ ಒಳಗೇ ಮುರಿದರೆ ಆ ಕ್ಷಣದ ನೋವು ಎರಡು ದಿನದಲ್ಲಿ ಮರೆತುಹೋಗುತ್ತದೆ. ವಾರಗಳ ನಂತರ ಕೀಲು ಊದುತ್ತದೆ. ಪೊರೆಗೆ ಸಿಕ್ಕಿಕೊಂಡ ಮುಳ್ಳಿನ ಚೂರು ಅಲ್ಲಿ ಉರಿಯೂತ ಎಬ್ಬಿಸಿರುತ್ತದೆ. ಎಕ್ಸ್‌ರೇಯಲ್ಲಿ ಮುಳ್ಳು ಕಾಣುವುದಿಲ್ಲ, ಅಲ್ಟ್ರಾಸೌಂಡ್ ಅಥವಾ ಎಂಆರ್‌ಐ ಬೇಕು. ಆ್ಯಂಟಿಬಯೋಟಿಕ್ ತೆಗೆದುಕೊಂಡಾಗ ಇಳಿದು ಬಿಟ್ಟಾಗ ಮತ್ತೆ ಊದುವ ಒಂದೇ ಒಂದು ಕೀಲಿದ್ದರೆ, ‘ಹಿಂದೆ ಮುಳ್ಳು ಚುಚ್ಚಿತ್ತು’ ಎಂಬ ಒಂದು ಮಾತು ವೈದ್ಯರಿಗೆ ದಾರಿ ತೋರಿಸುತ್ತದೆ. ಚೂರು ತೆಗೆಯುವವರೆಗೆ ವಾಸಿಯಾಗುವುದು ಕಷ್ಟ.

ನೋವಿಲ್ಲದ ಕೀಲುಬೇನೆ, ಮತ್ತೆ ಕೆಲವು

‘ನ್ಯೂರೋಪತಿಕ್’ ಅಥವಾ ‘ಶಾರ್ಕೊ’ ಎಂದಿದ್ದರೆ ಎಚ್ಚರ ಹೆಚ್ಚು ಬೇಕು. ಫ್ರಾನ್ಸಿನ ನರರೋಗ ತಜ್ಞ ಶಾರ್ಕೊ 1868ರಲ್ಲಿ ಇದನ್ನು ವಿವರಿಸಿದ. ಈಗ ಇದು ಹೆಚ್ಚಾಗಿ ಕಾಣುವುದು ಹಳೆಯ ಸಕ್ಕರೆ ಕಾಯಿಲೆಯವರ ಪಾದದಲ್ಲಿ. ನರ ಸತ್ತಿರುವುದರಿಂದ ಪಾದದೊಳಗೆ ಮೂಳೆ ಬಿರುಕು ಬಿಟ್ಟರೂ ತಿಳಿಯದು. ಪಾದ ಊದಿ, ಕೆಂಪಾಗಿ, ಬಿಸಿಯಾಗಿರುತ್ತದೆ. ನೋವಿಲ್ಲವೆಂದು ಗಂಬೂಟು ಹಾಕಿಕೊಂಡು ನಡೆಯುತ್ತಲೇ ಇರುತ್ತಾರೆ, ಪಾದದ ಕಮಾನು ಕುಸಿಯುತ್ತದೆ. ಶುರುವಿನ ಎಕ್ಸ್‌ರೇ ಸರಿಯಾಗಿಯೇ ಕಾಣಬಹುದು. ಚಿಕಿತ್ಸೆ ಎಂದರೆ ತಿಂಗಳುಗಟ್ಟಲೆ ಆ ಪಾದಕ್ಕೆ ಭಾರ ಕೊಡದೆ ಪ್ಲಾಸ್ಟರಿನಲ್ಲಿ ಇಡುವುದು.

ಹುಟ್ಟಿನಿಂದ ರಕ್ತ ಹೆಪ್ಪುಗಟ್ಟದ ಹುಡುಗರಿಗೆ ಮಂಡಿಯೊಳಗೆ ಪದೇ ಪದೇ ರಕ್ತ ಸೋರಿ ಬರುವುದು ಹೀಮೋಫಿಲಿಕ್ ಆರ್ಥ್ರೋಪತಿ. ಅವರಿಗೆ ಡೈಕ್ಲೋಫೆನಾಕ್, ಆಸ್ಪಿರಿನ್‌ನಂಥ ನೋವಿನ ಮಾತ್ರೆ ಕೊಡಲೇಬಾರದು. ಇನ್ನು ಚಿಕುನ್‌ಗುನ್ಯಾ. ಈ ಹೆಸರೇ ಆಫ್ರಿಕಾದ ಮಕೊಂಡೆ ಭಾಷೆಯದು, ಬಾಗಿಹೋಗುವುದು ಎಂಬ ಅರ್ಥದ್ದು. 2006ರ ಸುಮಾರಿಗೆ ಕರ್ನಾಟಕದಲ್ಲೆಲ್ಲ ಜನ ಹಾಗೆಯೇ ಬಾಗಿ ನಡೆದರು. ಜ್ವರ ಬಿಟ್ಟ ಮೇಲೂ ತಿಂಗಳುಗಟ್ಟಲೆ ಗಂಟು ಹಿಡಿದಿರಬಹುದು. ಜ್ವರದ ಮೊದಲ ದಿನಗಳಲ್ಲಿ ಡೆಂಗಿ ಅಲ್ಲವೆಂದು ಖಾತ್ರಿಯಾಗುವವರೆಗೆ ಪ್ಯಾರಾಸಿಟಮಾಲ್ ಬಿಟ್ಟು ಬೇರೆ ನೋವಿನ ಮಾತ್ರೆ ಬೇಡ.

ನಮ್ಮ ರಾಜ್ಯದ ಊರೊಂದರ ಹೆಸರು ಹೊತ್ತ ಕೀಲುಬೇನೆಯೂ ಇದೆ. ಶಿವಮೊಗ್ಗ ಜಿಲ್ಲೆ ಸಾಗರ ತಾಲ್ಲೂಕಿನ ಹಂದಿಗೋಡಿನಲ್ಲಿ 1970ರ ದಶಕದಲ್ಲಿ ಗಮನಕ್ಕೆ ಬಂದ ಹಂದಿಗೋಡು ಕಾಯಿಲೆ ಸೊಂಟದ ಕೀಲು ಮತ್ತು ಬೆನ್ನುಮೂಳೆಯನ್ನು ಕೆಡಿಸಿ ಕುಟುಂಬಗಳನ್ನೇ ನಡೆಯಲಾರದಂತೆ ಮಾಡಿತು. ಮೊದಲು ಗದ್ದೆಯ ಕೀಟನಾಶಕದ ಮೇಲೆ ಅನುಮಾನ ಬಿತ್ತು, ಮುಂದಿನ ಅಧ್ಯಯನಗಳು ವಂಶವಾಹಿಯತ್ತ ಬೆರಳು ಮಾಡಿದವು.

ರಕ್ತಪರೀಕ್ಷೆಯ ಕಾಗದ ಏನು ಹೇಳುತ್ತದೆ

‘ಆರ್‌ಎ ಫ್ಯಾಕ್ಟರ್ ಪಾಸಿಟಿವ್’ ಎಂದು ಬಂದರೆ ರುಮಟಾಯ್ಡ್ ಇದೆ ಎಂದು ಅರ್ಥವಲ್ಲ. ಆರೋಗ್ಯವಂತರಲ್ಲೂ, ಅದರಲ್ಲೂ ವಯಸ್ಸಾದವರಲ್ಲಿ ಅದು ಪಾಸಿಟಿವ್ ಬರಬಹುದು. ಕಾಯಿಲೆ ಇದ್ದವರಲ್ಲಿ ನೆಗೆಟಿವ್ ಕೂಡ. ಆ್ಯಂಟಿ ಸಿಸಿಪಿ ಪರೀಕ್ಷೆ ಅದಕ್ಕಿಂತ ನಂಬಿಕೆಗೆ ಅರ್ಹ. ಇಎಸ್‌ಆರ್, ಸಿಆರ್‌ಪಿ ಏರಿದ್ದರೆ ಮೈಯಲ್ಲಿ ಎಲ್ಲೋ ಉರಿಯೂತವಿದೆ ಎಂಬ ಸುದ್ದಿ ಮಾತ್ರ, ಎಲ್ಲಿ ಎಂದು ಅವು ಹೇಳವು. ಗೌಟ್ ಕೆರಳಿದ ದಿನವೇ ಮಾಡಿಸಿದ ಯೂರಿಕ್ ಆ್ಯಸಿಡ್ ಸರಿ ಇದ್ದಂತೆ ಬರಬಹುದು. ನೋವು ಇಳಿದ ಎರಡು ಮೂರು ವಾರದ ಬಳಿಕ ಇನ್ನೊಮ್ಮೆ ನೋಡಬೇಕು. ಹಾಗೆಯೇ ಯಾವ ನೋವೂ ಇಲ್ಲದೆ ಯೂರಿಕ್ ಆ್ಯಸಿಡ್ ಮಾತ್ರ ತುಸು ಹೆಚ್ಚಿದ್ದರೆ ಅದಕ್ಕೆಂದೇ ಮಾತ್ರೆ ಸಾಮಾನ್ಯವಾಗಿ ಬೇಕಿಲ್ಲ.

ಮಾತ್ರೆಗಳಲ್ಲಿ ಆಗುವ ತಪ್ಪು

ಎಲ್ಲಕ್ಕಿಂತ ಅಪಾಯದ್ದು ಮೆಥೊಟ್ರೆಕ್ಸೇಟ್. ರುಮಟಾಯ್ಡ್‌ಗೆ ಇದು ಒಳ್ಳೆಯ, ಹಳೆಯ, ಅಗ್ಗದ ಮಾತ್ರೆ. ಸಾಮಾನ್ಯ ಪ್ರಮಾಣ 7.5ರಿಂದ 25 ಮಿ.ಗ್ರಾಂ, ವಾರಕ್ಕೆ ಒಂದೇ ದಿನ. ಬಿಪಿ ಮಾತ್ರೆಯಂತೆ ದಿನಾ ನುಂಗಿದರೆ ರಕ್ತಕಣಗಳು ಕುಸಿದು ಜೀವಕ್ಕೇ ಅಪಾಯ. ಯಾವ ದಿನ ಎಂಬುದನ್ನು ಚೀಟಿಯ ಮೇಲೆ ಕನ್ನಡದಲ್ಲಿ ‘ಸೋಮವಾರ ಮಾತ್ರ’ ಎಂದು ಬರೆಸಿ, ಮಾತ್ರೆಯ ಪಟ್ಟಿಯನ್ನು ಬೇರೆ ಡಬ್ಬಿಯಲ್ಲಿಟ್ಟು, ಓದಲು ಬರುವ ಒಬ್ಬರು ಕೈಯಾರೆ ಕೊಡಬೇಕು. ಬೇರೆ ದಿನ ಫೋಲಿಕ್ ಆ್ಯಸಿಡ್. ಆಗಾಗ ರಕ್ತಕಣ ಮತ್ತು ಯಕೃತ್ತಿನ ಪರೀಕ್ಷೆ. ಮದ್ಯ ದೂರ. ಗರ್ಭಿಣಿಯರಿಗೆ, ಮಗು ಬೇಕೆಂದಿರುವವರಿಗೆ ಇದು ಸಲ್ಲದು. ಮೊದಲ ಮಾತ್ರೆಯಿಂದ ಫಲ ಕಾಣಲು ಆರರಿಂದ ಹನ್ನೆರಡು ವಾರ ಬೇಕು, ಎರಡೇ ವಾರಕ್ಕೆ ಬೇಸತ್ತು ಬಿಡಬಾರದು.

ಅಂಗಡಿಯಿಂದ ತಂದ ಡೈಕ್ಲೋಫೆನಾಕ್ ಎರಡು ದಿನಕ್ಕೆ ಸರಿ. ಕುಯ್ಲು ಮುಗಿಯುವವರೆಗೆ ದಿನಾ ನುಂಗಿದರೆ ಹೊಟ್ಟೆಯಲ್ಲಿ ಹುಣ್ಣು, ಏರಿದ ಬಿಪಿ, ಕುಂದಿದ ಮೂತ್ರಪಿಂಡ. ಕಪ್ಪಗೆ, ಟಾರಿನಂತೆ ಮಲ ಹೋದರೆ ಒಳಗೆ ರಕ್ತ ಸೋರುತ್ತಿದೆ.

ಹೆಸರಿಲ್ಲದ ಪುಡಿ, ಪೊಟ್ಟಣದ ಗುಳಿಗೆ ತಿಂದು ಮೂರೇ ದಿನಕ್ಕೆ ನೋವು ಮಾಯವಾಗಿ ಹಸಿವು ಹೆಚ್ಚಿ ಮುಖ ಗುಂಡಗಾಗುತ್ತಿದ್ದರೆ ಅದರಲ್ಲಿ ಸ್ಟಿರಾಯ್ಡ್ ಬೆರೆತಿರುವ ಅನುಮಾನ ಪಡಬೇಕು. ತಿಂಗಳುಗಟ್ಟಲೆ ತಿಂದರೆ ಮೂಳೆ ಟೊಳ್ಳಾಗುತ್ತದೆ, ಸೊಂಟದ ಕೀಲಿನ ಗುಂಡು ರಕ್ತ ಸಿಗದೆ ಸಾಯಬಹುದು. ಥಟ್ಟನೆ ನಿಲ್ಲಿಸಿದರೂ ಅಪಾಯವೇ. ಪೊಟ್ಟಣ ಸಮೇತ ವೈದ್ಯರ ಬಳಿ ಹೋಗಿ ತೋರಿಸಿ.

ಮಳೆಗಾಲ, ಇಳಿಜಾರು, ಮೆಟ್ಟಿಲು

ಕಕ್ಕಡ ತಿಂಗಳ ಮಳೆಯಲ್ಲಿ ಗಂಟು ಹಿಡಿಯುತ್ತದೆ ಎನ್ನುವವರ ಅನುಭವ ಸುಳ್ಳಲ್ಲ. ಚಳಿಗೆ ಸ್ನಾಯು ಬಿಗಿಯುತ್ತದೆ, ಓಡಾಟ ಕಡಿಮೆಯಾಗಿ ಕೀಲು ಸೆಟೆಯುತ್ತದೆ. ಆದರೆ ಶೀತವೇ ಮೃದ್ವಸ್ಥಿಯನ್ನು ಸವೆಸುವುದಿಲ್ಲ. ಬಿಸಿನೀರಿನ ಶಾಖ, ಹದವಾಗಿ ಹಚ್ಚಿದ ಎಣ್ಣೆ ಸವೆತದ ಕೀಲಿಗೆ ಹಿತ. ಕೆಂಪಗೆ ಬಿಸಿಯಾಗಿ ಊದಿರುವ ಕೀಲಿಗೆ ಎರಡೂ ಬೇಡ.

ಸವೆತದ ಮಂಡಿಗೆ ಇರುವ ಒಳ್ಳೆಯ ಮದ್ದು ತೊಡೆಯ ಮುಂಭಾಗದ ಸ್ನಾಯು. ಕುರ್ಚಿಯಲ್ಲಿ ಕೂತು ಒಂದು ಕಾಲನ್ನು ಮೆಲ್ಲಗೆ ನೇರ ಮಾಡಿ, ತೊಡೆ ಬಿಗಿ ಹಿಡಿದು ಹತ್ತು ಎಣಿಸಿ, ಮೆಲ್ಲಗೆ ಇಳಿಸಿ. ಒಂದೊಂದು ಕಾಲಿಗೆ ಹತ್ತು ಸಲ, ದಿನಕ್ಕೆ ಎರಡು ಮೂರು ಬಾರಿ. ಫಲ ಕಾಣಲು ಆರರಿಂದ ಎಂಟು ವಾರ ಹಿಡಿಯುತ್ತದೆ. ತೂಕ ಒಂದು ಕಿಲೋ ಇಳಿದರೆ ನಡೆಯುವಾಗ ಪ್ರತಿ ಹೆಜ್ಜೆಗೂ ಮಂಡಿಯ ಮೇಲಿನ ಹೊರೆ ಸುಮಾರು ನಾಲ್ಕು ಕಿಲೋ ಇಳಿಯುತ್ತದೆ.

ಊರುಗೋಲನ್ನು ಬಹಳ ಜನ ನೋವಿರುವ ಕಡೆಯ ಕೈಯಲ್ಲೇ ಹಿಡಿಯುತ್ತಾರೆ. ಬಲ ಮಂಡಿ ನೋವಿದ್ದರೆ ಕೋಲು ಎಡಗೈಯಲ್ಲಿ ಇರಬೇಕು, ನೋವಿನ ಕಾಲಿನ ಜೊತೆಗೇ ಮುಂದೆ ಹೋಗಬೇಕು. ಕೈ ಇಳಿಬಿಟ್ಟು ನಿಂತಾಗ ಕೋಲಿನ ಹಿಡಿ ಮಣಿಕಟ್ಟಿನ ಗೆರೆಗೆ ಸಮನಾಗಿ ಬರಬೇಕು. ಬಿದಿರು ಕಡಿದುಕೊಂಡರೆ ಅದೇ ಅಳತೆ, ತುದಿಗೆ ರಬ್ಬರ್ ಹಾಕದಿದ್ದರೆ ಮಳೆಗಾಲದ ಅಂಗಳದಲ್ಲಿ ಜಾರುವುದು ಖಂಡಿತ. ಮೆಟ್ಟಿಲು ಹತ್ತುವಾಗ ಗಟ್ಟಿ ಕಾಲು ಮೊದಲು, ಇಳಿಯುವಾಗ ನೋವಿನ ಕಾಲು ಮೊದಲು. ತೋಟದ ಇಳಿಜಾರಿನಲ್ಲಿ ನೇರ ಇಳಿಯದೆ ಅಡ್ಡಡ್ಡ ಇಳಿಯಿರಿ. ಕಾಫಿ ಚೀಲವನ್ನು ಪೂರ್ತಿ ತುಂಬಿ ಒಂದೇ ಸಲ ಹೊರುವ ಬದಲು ಎರಡಾಗಿ ಮಾಡಿ. ಗಿಡದ ಬುಡದ ಉದುರು ಹೆಕ್ಕಲು ಕುಕ್ಕರಿಸುವ ಬದಲು ಒಂದು ಅಡಿ ಎತ್ತರದ ಮಣೆ ಜೊತೆಗಿರಲಿ.

ವೈದ್ಯರ ಮುಂದೆ ಕೂತಾಗ

ವರದಿ ಚಾಚುವ ಮೊದಲು ಒಂದು ಕಾಗದದಲ್ಲಿ ಇಷ್ಟು ಬರೆದುಕೊಂಡಿರಿ. ನೋವು ಶುರುವಾದ ತಿಂಗಳು. ಮೊದಲು ಹಿಡಿದ ಕೀಲು ಯಾವುದು, ಈಗ ಎಷ್ಟು ಕೀಲು. ಬೆಳಗಿನ ಬಿಗಿತ ಎಷ್ಟು ನಿಮಿಷ. ಊತ ಕಣ್ಣಿಗೆ ಕಾಣುತ್ತದೆಯೇ. ಒಂದು ಕೀಲಾದರೆ ಮಾನೋ, ಎರಡರಿಂದ ನಾಲ್ಕಾದರೆ ಆಲಿಗೋ, ಐದು ಮತ್ತು ಮೇಲಾದರೆ ಪಾಲಿ ಎಂದು ಅವರು ಬರೆದುಕೊಳ್ಳುವುದು ನೀವು ಕೊಡುವ ಈ ಲೆಕ್ಕದಿಂದಲೇ. ಜ್ವರ, ಚರ್ಮದ ಕಲೆ, ಕಣ್ಣು ಕೆಂಪಾದದ್ದು, ಮನೆಯಲ್ಲಿ ಬೇರೆ ಯಾರಿಗಾದರೂ ಇದ್ದದ್ದು, ನುಂಗಿದ ಎಲ್ಲ ಮಾತ್ರೆ ಪುಡಿಗಳು. ಊತ ಬಂದು ಹೋಗುವಂಥದ್ದಾದರೆ ಬಂದ ದಿನವೇ ಮೊಬೈಲಿನಲ್ಲಿ ಎರಡೂ ಕೈ ಅಥವಾ ಎರಡೂ ಕಾಲು ಪಕ್ಕಪಕ್ಕ ಇಟ್ಟು ಫೋಟೊ ತೆಗೆದಿಡಿ. ‘ಆರ್ಥ್ರೋಪತಿ’ ಎಂದಷ್ಟೇ ಅವರು ಹೇಳಿದರೆ ‘ಯಾವ ಬಗೆಯದು, ಡಾಕ್ಟ್ರೇ? ಸವೆತದ್ದೋ ಉರಿಯೂತದ್ದೋ?’ ಎಂದು ಕೇಳಿ, ಅವರು ಹೇಳಿದ ಪದವನ್ನು ಅದೇ ಕಾಗದದ ಮೇಲೆ ಬರೆಸಿಕೊಂಡು ಬನ್ನಿ.